ಪಾಹೋಮನ ಸಲಿಕೆ, ಚಳ್ಳಕೆರೆಯ ಕಾವಲು

ಲಿಯೋ ಟಾಲ್‌ಸ್ಟಾಯ್ 1886ರಲ್ಲಿ ಪ್ರಕಟಿಸಿದ ‘ಮನುಷ್ಯನಿಗೆ ಎಷ್ಟು ಭೂಮಿ ಬೇಕು’ ಎಂಬ ಕತೆ ಕನ್ನಡ ನಾಡಿಗೆ ಹೊಸದಲ್ಲ. ಶಾಲೆಯಲ್ಲಿ ಮಾಸ್ತರರು ಹೇಳುತ್ತಾರೆ, ಸಭೆಗಳಲ್ಲಿ ಭಾಷಣಕಾರರು ಉದಾಹರಿಸುತ್ತಾರೆ. ಕೊನೆಯಲ್ಲಿ ‘ಅತಿಯಾಸೆ ಗತಿಗೇಡು’ ಎಂಬ ಗಾದೆಯನ್ನು ಅದರ ತಲೆಯ ಮೇಲಿಟ್ಟು ಮುಗಿಸುತ್ತಾರೆ. ಜಗತ್ತಿನ ಸಾಹಿತ್ಯದಲ್ಲಿಯೇ ಇದಕ್ಕಿಂತ ದೊಡ್ಡ ಕತೆಯಿಲ್ಲವೆಂದು ಐರಿಷ್ ಲೇಖಕ ಜೇಮ್ಸ್ ಜಾಯ್ಸ್ ತನ್ನ ಮಗಳಿಗೆ ಬರೆದ ಪತ್ರವೊಂದರಲ್ಲಿ ಹೇಳಿದ್ದನು. ಅಂತಹ ಕತೆಯನ್ನು ಒಂದು ಗಾದೆಯಲ್ಲಿ ಹಿಡಿದಿಡಲು ಸಾಧ್ಯವೇ ಎಂಬ ಅನುಮಾನ ಸಹಜ. ಅದರಲ್ಲೂ ಚಿತ್ರದುರ್ಗ ಜಿಲ್ಲೆಯ ಚಳ್ಳಕೆರೆ, ಮೊಳಕಾಲ್ಮೂರು ತಾಲ್ಲೂಕುಗಳ ಹುಲ್ಲುಗಾವಲುಗಳ ಅಂಚಿನಲ್ಲಿ ಕುಳಿತು ಈ ಕತೆಯನ್ನು ಓದುವವರಿಗೆ ಆ ಗಾದೆ ಅರ್ಧ ಸತ್ಯವನ್ನು ಮಾತ್ರ ಹೇಳುತ್ತದೆ. ಉಳಿದ ಅರ್ಧ ಭೂಮಿಯನ್ನು ಕೊಂಡವನದಲ್ಲ, ಕಳೆದುಕೊಂಡವರದು.

ಕತೆಯ ನಾಯಕ ಪಾಹೋಮ್ ಒಬ್ಬ ಸಾಮಾನ್ಯ ರೈತ. ನೆರೆಯ ಜಮೀನುದಾರಳ ಹೊಲಕ್ಕೆ ಇವನ ಹಸು, ಕುದುರೆ ನುಗ್ಗಿದಾಗಲೆಲ್ಲ ಅವಳ ಮೇಸ್ತ್ರಿ ದಂಡ ಹಾಕುತ್ತಾನೆ. ಆ ಜಮೀನು ಮಾರಾಟಕ್ಕೆ ಬಂದಾಗ ಊರಿನವರೆಲ್ಲ ಕೂಡಿ, ಇಡೀ ಊರಿನ ಹೆಸರಿನಲ್ಲಿ ಅದನ್ನು ಕೊಳ್ಳಬೇಕೆಂದು ಒಂದೆರಡು ಬಾರಿ ಸಭೆ ಸೇರುತ್ತಾರೆ. ಆದರೆ ಒಮ್ಮತ ಮೂಡುವುದಿಲ್ಲ. ಅವರ ನಡುವೆ ಒಡಕು ಬಿತ್ತಿದವನು ಸೈತಾನನೆಂದು ಟಾಲ್‌ಸ್ಟಾಯ್ ಹೇಳುತ್ತಾನೆ. ಸಾಮಾನ್ಯವಾಗಿ ಕತೆ ಹೇಳುವವರು ಬಿಟ್ಟುಬಿಡುವ ಭಾಗವಿದು. ಊರೊಟ್ಟಿನ ಭೂಮಿಯಾಗಬಹುದಾಗಿದ್ದದ್ದು ಹೀಗೆ ತುಂಡುತುಂಡಾಗಿ ಒಬ್ಬೊಬ್ಬರ ಪಾಲಾಗುತ್ತದೆ. ಪಾಹೋಮನೂ ಸುಮಾರು 40 ಎಕರೆ ಕೊಳ್ಳುತ್ತಾನೆ. ಆಮೇಲೆ ಏನಾಗುತ್ತದೆ? ದಂಡ ತೆತ್ತವನೇ ದಂಡ ಹಾಕುವವನಾಗುತ್ತಾನೆ. ನೆರೆಯವರ ದನ ತನ್ನ ಹುಲ್ಲಿಗೆ ಬಂದರೆ ಮೊದಮೊದಲು ಅಟ್ಟಿ ಸುಮ್ಮನಾಗುತ್ತಿದ್ದವನು ಕಡೆಗೆ ಕೋರ್ಟಿಗೆ ಹೋಗುತ್ತಾನೆ. ತೋಪಿನ ಮರಗಳನ್ನು ರಾತ್ರಿ ಯಾರೋ ಕಡಿದಾಗ ಒಬ್ಬನ ಮೇಲೆ ಗುಮಾನಿಪಟ್ಟು ಊರಿನೊಡನೆಯೇ ಹಗೆ ಕಟ್ಟಿಕೊಳ್ಳುತ್ತಾನೆ. ಭೂಮಿ ಹೆಚ್ಚಿದಂತೆ ಊರಿನಲ್ಲಿ ಅವನ ಜಾಗ ಕಿರಿದಾಗುತ್ತದೆ.

ಅಲ್ಲಿಂದ ವೋಲ್ಗಾ ನದಿಯಾಚೆಗೆ, ಅಲ್ಲಿಂದ ಇನ್ನೂ ದೂರದ ಬಾಷ್ಕಿರರ ನಾಡಿಗೆ ಪಾಹೋಮನ ಪಯಣ. ಬಾಷ್ಕಿರರು ಉಳುವವರಲ್ಲ, ಕುದುರೆ, ದನ, ಕುರಿ ಮೇಯಿಸುವವರು. ಕುದುರೆಯ ಹಾಲನ್ನು ಹುಳಿ ಬರಿಸಿದ ಕುಮಿಸ್ ಕುಡಿದು, ಹಾಡಿ ನಗುವ ಜನ. ಅವರ ಭೂಮಿಗೆ ಬೆಲೆ ಎಕರೆಯ ಲೆಕ್ಕದಲ್ಲಿಲ್ಲ, ದಿನದ ಲೆಕ್ಕದಲ್ಲಿದೆ. ಸಾವಿರ ರೂಬಲ್ ಕೊಟ್ಟು, ಸೂರ್ಯ ಹುಟ್ಟಿದಾಗಿನಿಂದ ಮುಳುಗುವವರೆಗೆ ಎಷ್ಟು ನೆಲವನ್ನು ಸುತ್ತಿ ಬರುವೆಯೋ ಅಷ್ಟೂ ನಿನ್ನದು. ಮುಳುಗುವ ಮೊದಲು ಹೊರಟ ಜಾಗಕ್ಕೆ ಬಾರದಿದ್ದರೆ ಹಣವೂ ಇಲ್ಲ, ನೆಲವೂ ಇಲ್ಲ. ಪಾಹೋಮ್ ಸಲಿಕೆ ಹಿಡಿದು ಹೊರಡುತ್ತಾನೆ. ಅಲ್ಲಲ್ಲಿ ಗುಂಡಿ ತೆಗೆದು ಮಣ್ಣಿನ ಹೆಂಟೆ ಇಟ್ಟು ಗುರುತು ಮಾಡುತ್ತಾನೆ. ತೇವದ ತಗ್ಗೊಂದು ಕಣ್ಣಿಗೆ ಬೀಳುತ್ತದೆ. ಅಗಸೆ ಚೆನ್ನಾಗಿ ಬರುತ್ತದೆಂದು ಅದನ್ನೂ ಬಳಸಿ ನಡೆಯುತ್ತಾನೆ. ಆ ತಗ್ಗಿಗಾಗಿ ನಡೆದ ನಡಿಗೆಯೇ ಅವನಿಗೆ ಮುಳುವಾಗುತ್ತದೆ. ಸಂಜೆ ಓಡೋಡಿ ಬಂದು ದಿಬ್ಬದ ಮೇಲೆ ಬಿದ್ದು ಸಾಯುತ್ತಾನೆ. ಆಳು ಅದೇ ಸಲಿಕೆಯಿಂದ ತಲೆಯಿಂದ ಕಾಲಿನವರೆಗೆ ಅಳತೆಯ ಗುಂಡಿ ತೋಡಿ ಹೂಳುತ್ತಾನೆ.

ಬಾಷ್ಕಿರರ ಹುಲ್ಲುಗಾವಲು ಹೇಗಿತ್ತೆಂದು ತಿಳಿಯಲು ರಷ್ಯಕ್ಕೆ ಹೋಗಬೇಕಾಗಿಲ್ಲ. ಬೆಟ್ಟಸೀಮೆಯ ಓದುಗರಿಗೆ ಸೊಪ್ಪಿನಬೆಟ್ಟ, ಬೇಣ, ಕಾನು ಗೊತ್ತು. ಬಯಲುಸೀಮೆಯಲ್ಲಿ ಇವುಗಳ ಜಾಗದಲ್ಲಿರುವುದು ಗೋಮಾಳ ಮತ್ತು ಕಾವಲು. ಚಳ್ಳಕೆರೆಯಲ್ಲಿ ವರ್ಷಕ್ಕೆ ಬೀಳುವ ಮಳೆ ಐನೂರು ಮಿಲಿಮೀಟರಿನ ಆಸುಪಾಸು. ಮರ ದಟ್ಟವಾಗಿ ಬೆಳೆಯದ ಆ ನೆಲದಲ್ಲಿ ಹುಲ್ಲೇ ಕಾಡು. ಕೃಷ್ಣಮೃಗ ಮೇಯುವುದು ಅದರಲ್ಲೇ, ಕುರುಬರ ಕುರಿ, ಕಾಡುಗೊಲ್ಲರ ದನ ಮೇಯುವುದೂ ಅದರಲ್ಲೇ. ಮೈಸೂರು ಒಡೆಯರ ಕಾಲದಲ್ಲಿ ‘ಬೆಣ್ಣೆ ಚಾವಡಿ’ ಎಂಬ ಇಲಾಖೆಯಡಿ ಅರಮನೆಯ ದನಗಳಿಗಾಗಿ ಇಂತಹ ಕಾವಲುಗಳನ್ನು ಕಾಯ್ದಿರಿಸಲಾಯಿತು. ಟಿಪ್ಪು ಸುಲ್ತಾನನ ಕಾಲದಲ್ಲಿ ಆ ಇಲಾಖೆಗೆ ‘ಅಮೃತ ಮಹಲ್’ ಎಂಬ ಹೆಸರಾಯಿತು. ಫಿರಂಗಿ ಎಳೆಯುವ, ದಣಿವರಿಯದ ಎತ್ತುಗಳ ತಳಿ ಆ ಹೆಸರಿನಿಂದಲೇ ಪ್ರಸಿದ್ಧವಾಯಿತು. ಅರಮನೆ ಹೋಯಿತು, ಫಿರಂಗಿ ಎಳೆಯುವ ಎತ್ತಿನ ಕೆಲಸವೂ ಹೋಯಿತು. ಹುಲ್ಲು ಮತ್ತು ಅದನ್ನು ನಂಬಿದ ಹಳ್ಳಿಗಳು ಉಳಿದವು. ದಾಖಲೆಯಲ್ಲಿ ಕಾವಲು ಸರ್ಕಾರದ್ದಾದರೂ ರೂಢಿಯಲ್ಲಿ ಅದು ಸುತ್ತಲಿನ ಊರುಗಳದ್ದಾಗಿತ್ತು.

2010ರ ಸುಮಾರಿಗೆ ಈ ಕಾವಲುಗಳ ಅಳತೆ ನಡೆಯಿತು. ಚಳ್ಳಕೆರೆ ತಾಲ್ಲೂಕಿನ ವರವು ಕಾವಲು, ಖುದಾಪುರ, ಉಳ್ಳಾರ್ತಿಗಳ ಸುತ್ತ ರಕ್ಷಣಾ ಸಂಶೋಧನಾ ಸಂಸ್ಥೆಗೆ 4,290 ಎಕರೆ, ಭಾಭಾ ಅಣುಸಂಶೋಧನಾ ಕೇಂದ್ರಕ್ಕೆ 1,810, ಭಾರತೀಯ ವಿಜ್ಞಾನ ಸಂಸ್ಥೆಗೆ 1,500, ಇಸ್ರೋಗೆ 573 ಎಕರೆ ಮಂಜೂರಾಯಿತು. ಈ ನಾಲ್ಕನ್ನು ಕೂಡಿದರೇ ಎಂಟು ಸಾವಿರ ಎಕರೆ ಮೀರುತ್ತದೆ. ಸೌರವಿದ್ಯುತ್ತಿನ ಖಾಸಗಿ ಕಂಪನಿಗೆ ಕೊಟ್ಟದ್ದು ಬೇರೆ. ಪಾಹೋಮ್ ಮಣ್ಣಿನ ಹೆಂಟೆ ಇಟ್ಟ ಕಡೆಗಳಲ್ಲಿ ಇಲ್ಲಿ ಎತ್ತರದ ಗೋಡೆ ಎದ್ದಿತು. ಗೋಡೆ ಏಳುವವರೆಗೂ ತಮಗೆ ಯಾರೂ ಹೇಳಲಿಲ್ಲ, ಗ್ರಾಮಸಭೆಗಳನ್ನು ಕೇಳಲಿಲ್ಲ ಎಂಬುದು ಹಳ್ಳಿಗರ ದೂರು. ವಿಷಯ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯವರೆಗೆ ಹೋಯಿತು. 2014ರಲ್ಲಿ ಅದರ ಚೆನ್ನೈ ಪೀಠ ತೀರ್ಪು ನೀಡಿತು, ಯೋಜನೆಗಳು ಮುಂದುವರಿದವು. 2017ರ ಮೇ ತಿಂಗಳಲ್ಲಿ ವೈಮಾನಿಕ ಪರೀಕ್ಷಾ ವಲಯದ ಉದ್ಘಾಟನೆಯಾಯಿತು. 2023ರ ಏಪ್ರಿಲ್ 2ರಂದು ಇಸ್ರೋದ ಮರುಬಳಕೆಯ ಉಡಾವಣಾ ವಾಹನದ ಮಾದರಿಯೊಂದು ಹೆಲಿಕಾಪ್ಟರಿನಿಂದ ನಾಲ್ಕೂವರೆ ಕಿಲೋಮೀಟರ್ ಎತ್ತರದಲ್ಲಿ ಬಿಡಲ್ಪಟ್ಟು, ಯಾರ ನೆರವೂ ಇಲ್ಲದೆ ಅದೇ ನೆಲದ ಓಡುದಾರಿಯಲ್ಲಿ ಬಂದಿಳಿಯಿತು. ಅದು ಹೆಮ್ಮೆಪಡಬೇಕಾದ ಸಾಧನೆಯೆಂಬುದರಲ್ಲಿ ಎರಡು ಮಾತಿಲ್ಲ. ಆ ಹೆಮ್ಮೆಗೆ ಚಳ್ಳಕೆರೆಯ ಕುರಿಗಾಹಿ ತೆತ್ತ ಬೆಲೆಯನ್ನು ಯಾವ ಲೆಕ್ಕಪುಸ್ತಕದಲ್ಲಿ ಬರೆಯಲಾಗಿದೆ ಎಂಬುದು ಬೇರೆಯೇ ಪ್ರಶ್ನೆ.

ಟಾಲ್‌ಸ್ಟಾಯ್ ಕತೆಯನ್ನು ಈ ಕಾವಲಿನಲ್ಲಿ ಓದಿದಾಗ ಮೊದಲು ಕಾಣುವ ವ್ಯತ್ಯಾಸ ಪಾಹೋಮನ ದೇಹ. ಅವನಿಗೆ ಕಾಲು ನೋಯುತ್ತದೆ, ಬಾಯಿ ಒಣಗುತ್ತದೆ, ಎದೆ ತಿದಿಯಂತೆ ಬಡಿದುಕೊಳ್ಳುತ್ತದೆ. ಅವನ ಆಸೆಗೆ ಸೂರ್ಯಾಸ್ತ ಗಡುವು ಹಾಕುತ್ತದೆ. ಮನುಷ್ಯನ ಆಸೆಗೆ ಮನುಷ್ಯನ ಮೈಯೇ ಬೇಲಿ ಎಂಬ ನಂಬಿಕೆಯ ಮೇಲೆ ಇಡೀ ಕತೆ ನಿಂತಿದೆ. ಇಲಾಖೆ, ನಿಗಮ, ಕಂಪನಿಗಳಿಗೆ ಕಾಲಿಲ್ಲ, ದಣಿವಿಲ್ಲ, ಸಾವಿಲ್ಲ. ಅವು ನಡೆಯುವುದು ನಕ್ಷೆಯ ಮೇಲೆ. ನಕ್ಷೆಯಲ್ಲಿ ಸೂರ್ಯ ಮುಳುಗುವುದಿಲ್ಲ. ಹಾಗಾಗಿ ‘ಅತಿಯಾಸೆ ಗತಿಗೇಡು’ ಎಂದು ಕಾಯುತ್ತ ಕುಳಿತರೆ ಗತಿಗೇಡು ಬರುವುದು ಆಸೆಪಟ್ಟವರಿಗಲ್ಲ. ಒಬ್ಬ ಬಡರೈತನ ದುರಾಸೆಯನ್ನು ತೋರಿಸಿ ಮಕ್ಕಳಿಗೆ ನೀತಿ ಹೇಳುವ ಶಾಲೆ, ಆ ಶಾಲೆಯ ಆಚೆಬದಿಯ ಗೋಮಾಳ ಯಾರ ಹೆಸರಿಗಾಯಿತೆಂದು ಕೇಳದಿದ್ದರೆ, ಟಾಲ್‌ಸ್ಟಾಯ್‌ಗೂ ಅನ್ಯಾಯ, ಮಕ್ಕಳಿಗೂ ಅನ್ಯಾಯ.

ಎರಡನೆಯ ವ್ಯತ್ಯಾಸ ಇನ್ನೂ ಗಂಭೀರವಾದದ್ದು. ಕತೆಯಲ್ಲಿ ಬಾಷ್ಕಿರರ ಹಿರಿಯರು ಕುಳಿತು ಮಾತಾಡುತ್ತಾರೆ, ಮುಖಂಡ ಬರುವವರೆಗೆ ಕಾಯುತ್ತಾರೆ, ಷರತ್ತನ್ನು ಅವರೇ ವಿಧಿಸುತ್ತಾರೆ. ವ್ಯವಹಾರ ಕ್ರೂರವಾಗಿರಬಹುದು, ಆದರೆ ನೆಲದವರನ್ನು ಕೇಳಿಯೇ ಅದು ನಡೆಯುತ್ತದೆ. ನಿಜವಾದ ಇತಿಹಾಸದಲ್ಲಿ ಬಾಷ್ಕಿರರಿಗೆ ಆ ಭಾಗ್ಯವೂ ಇರಲಿಲ್ಲ. 1870ರ ದಶಕದಲ್ಲಿ ಅವರ ಹುಲ್ಲುಗಾವಲುಗಳು ಅಧಿಕಾರಿಗಳ, ವರ್ತಕರ ಕೈಗೆ ಕವಡೆ ಕಿಮ್ಮತ್ತಿಗೆ ಜಾರಿದವು. ಕತೆಯ ಕೊನೆಯಲ್ಲಿ ನಕ್ಕ ಜನರೇ ಚರಿತ್ರೆಯಲ್ಲಿ ಸೋತರು. ಟಾಲ್‌ಸ್ಟಾಯ್‌ಗೆ ಇದು ತಿಳಿಯದ ಸಂಗತಿಯೇನಲ್ಲ. ತಿಳಿದಿದ್ದ ಬಗೆ ಮಾತ್ರ ಸ್ವಲ್ಪ ಮುಜುಗರದ್ದು.

ಕನ್ನಡಕ್ಕೆ ಟಾಲ್‌ಸ್ಟಾಯ್ ಬಂದದ್ದು ಬಹುಮಟ್ಟಿಗೆ ಗಾಂಧೀಜಿಯ ನೆರಳಿನಲ್ಲಿ. 1910ರಲ್ಲಿ ಜೊಹಾನ್ಸ್‌ಬರ್ಗಿನ ಬಳಿ ಸತ್ಯಾಗ್ರಹಿಗಳ ಕುಟುಂಬಗಳಿಗಾಗಿ ನೆಲೆಗೊಂಡ ತೋಟಕ್ಕೆ ‘ಟಾಲ್‌ಸ್ಟಾಯ್ ಫಾರ್ಮ್’ ಎಂದೇ ಹೆಸರಾದದ್ದು ಎಲ್ಲರಿಗೂ ಗೊತ್ತು. ಮಾಸ್ತಿಯವರು ‘ಟಾಲ್‌ಸ್ಟಾಯ್ ಮಹರ್ಷಿಯ ಭೂರ್ಜವೃಕ್ಷಗಳು’ ಎಂಬ ಕತೆಯನ್ನೇ ಬರೆದರು. ದೇಜಗೌ ಅವರು ದೊಡ್ಡ ಕಾದಂಬರಿಗಳನ್ನು ಕನ್ನಡಕ್ಕೆ ತಂದರು. ಮುಂದೆ ಮಾಸ್ಕೋದಲ್ಲಿ ಅಚ್ಚಾಗಿ ನವಕರ್ನಾಟಕದ ಮಳಿಗೆಗಳಿಗೆ ಬರುತ್ತಿದ್ದ ಅಗ್ಗದ ಬೆಲೆಯ, ಗಟ್ಟಿ ರಟ್ಟಿನ ರಷ್ಯನ್ ಪುಸ್ತಕಗಳು ಸಣ್ಣ ಊರುಗಳ ಓದುಗರನ್ನೂ ಮುಟ್ಟಿದವು. ಟಿ.ಎಸ್. ವೆಂಕಣ್ಣಯ್ಯ ಮತ್ತು ತ.ರಾ.ಸು. ಅವರ ಮನೆತನದ ಊರಾದ ತಳುಕು ಇರುವುದು ಚಳ್ಳಕೆರೆ ತಾಲ್ಲೂಕಿನಲ್ಲಿಯೇ. ಪರದೇಶದ ಸಾಹಿತ್ಯ ಈ ಒಣಭೂಮಿಗೆ ಪರಕೀಯವೆಂದು ಯಾರೂ ಭಾವಿಸಬೇಕಾಗಿಲ್ಲ. ಆದರೆ ‘ಮಹರ್ಷಿ’ ಎಂಬ ಪಟ್ಟ ಕಟ್ಟಿದ ಕೂಡಲೇ ಒಂದು ನಷ್ಟವಾಗುತ್ತದೆ. ಮಹರ್ಷಿ ಹುಟ್ಟಿನಿಂದಲೇ ಮಹರ್ಷಿಯೆಂದು ಜನ ತಿಳಿಯುತ್ತಾರೆ. ಟಾಲ್‌ಸ್ಟಾಯ್ ಹಾಗಿರಲಿಲ್ಲ.

1828ರಲ್ಲಿ ಯಾಸ್ನಾಯ ಪೊಲ್ಯಾನದ ಶ್ರೀಮಂತ ಜಮೀನುದಾರರ ಮನೆಯಲ್ಲಿ ಹುಟ್ಟಿದವನು ಅವನು. ಯೌವನದಲ್ಲಿ ಜೂಜಾಡಿದನು, ಸೈನ್ಯಕ್ಕೆ ಸೇರಿದನು, ಯುದ್ಧ ಕಂಡನು. 1859ರಿಂದ ಕೆಲವು ವರ್ಷ ರೈತರ ಮಕ್ಕಳಿಗಾಗಿ ಶಾಲೆ ನಡೆಸಿದನು. 1871ರಲ್ಲಿ ಆರೋಗ್ಯ ಸುಧಾರಿಸಿಕೊಳ್ಳಲು ಸಮಾರಾ ಪ್ರಾಂತ್ಯದ ಹುಲ್ಲುಗಾವಲಿಗೆ ಹೋಗಿ ಬಾಷ್ಕಿರರ ನಡುವೆ ಕುಮಿಸ್ ಕುಡಿಯುತ್ತ ಬೇಸಿಗೆ ಕಳೆದನು. ಆ ನೆಲ ಅವನನ್ನು ಮರುಳು ಮಾಡಿತು. ಮರುಳಾದವನು ಏನು ಮಾಡಿದನು? ಅಲ್ಲಿಯೇ 2,500 ದೆಸ್ಯಾತಿನ, ಅಂದರೆ ಆರೂವರೆ ಸಾವಿರ ಎಕರೆಗೂ ಹೆಚ್ಚು ಭೂಮಿ ಕೊಂಡನು. ಕೆಲವು ವರ್ಷಗಳ ಬಳಿಕ ಮತ್ತಷ್ಟು ಕೊಂಡನು. ಪಾಹೋಮನ ಕತೆ ಬರೆಯುವುದಕ್ಕೆ ಹದಿನೈದು ವರ್ಷ ಮೊದಲಿನ ಮಾತಿದು. ಹುಲ್ಲುಗಾವಲನ್ನು ಕಂಡು ಒಂದು ಬಯಲಿನಂತೆ ಪ್ರೀತಿಸುವುದಕ್ಕೂ ಒಂದು ಆಸ್ತಿಯಂತೆ ಬಯಸುವುದಕ್ಕೂ ನಡುವಿನ ಗೆರೆ ಎಷ್ಟು ತೆಳುವೆಂದು ಅವನು ತನ್ನಲ್ಲಿಯೇ ಕಂಡಿದ್ದನು. ಅಗಸೆ ಬೆಳೆಯುವ ತಗ್ಗನ್ನು ಬಿಟ್ಟುಬರಲಾರದ ಪಾಹೋಮನ ಕಣ್ಣು ಯಾರದೋ ರೈತನಿಂದ ಎರವಲು ತಂದದ್ದಲ್ಲ.

ಆದರೆ ಅದೇ ನೆಲ ಅವನಿಗೆ ಮತ್ತೊಂದನ್ನೂ ತೋರಿಸಿತು. 1873ರಲ್ಲಿ ಸಮಾರಾದಲ್ಲಿ ಬರ ಬಿದ್ದಾಗ ಜಮೀನಿನ ಹತ್ತಿರದ ಹಳ್ಳಿಯಲ್ಲಿ ಹತ್ತು ಮನೆಗೊಂದರಂತೆ ಹೊಕ್ಕು, ಎಷ್ಟು ಜನ, ಎಷ್ಟು ಕಾಳು, ಎಷ್ಟು ಸಾಲ ಎಂದು ಪಟ್ಟಿ ಮಾಡಿ ಪತ್ರಿಕೆಗೆ ಬರೆದನು. ಆ ಪತ್ರದಿಂದ ದೇಶದ ಗಮನ ಅತ್ತ ಹರಿದು ನೆರವು ಬಂದಿತು. 1891ರಲ್ಲಿ ಮತ್ತೆ ಭೀಕರ ಕ್ಷಾಮ ಬಂದಾಗ ರಿಯಾಜಾನ್ ಪ್ರಾಂತ್ಯದಲ್ಲಿ ನೂರಕ್ಕೂ ಹೆಚ್ಚು ಗಂಜಿಕೇಂದ್ರಗಳನ್ನು ನಡೆಸಿದನು. ಅದೇ ವರ್ಷ, 1881ರ ನಂತರದ ತನ್ನ ಬರಹಗಳ ಹಕ್ಕನ್ನು ಬಿಟ್ಟುಕೊಟ್ಟನು. ಮರುವರ್ಷ ಆಸ್ತಿಯನ್ನು ಹೆಂಡತಿ ಮಕ್ಕಳಿಗೆ ಹಂಚಿದನು. ಹಂಚಿದ್ದು ಮನೆಯವರಿಗೇ ಹೊರತು ಉಳುವವರಿಗಲ್ಲ ಎಂಬ ಕೊರಗು ಅವನನ್ನು ಕೊನೆಯವರೆಗೆ ಕಾಡಿತು. 1910ರಲ್ಲಿ, 82ನೆಯ ವಯಸ್ಸಿನಲ್ಲಿ, ಒಂದು ರಾತ್ರಿ ಮನೆ ಬಿಟ್ಟು ಹೊರಟು ಅಸ್ತಾಪೊವೊ ಎಂಬ ಸಣ್ಣ ರೈಲು ನಿಲ್ದಾಣದಲ್ಲಿ ತೀರಿಕೊಂಡನು. ಈ ಬಾಳನ್ನು ಬದಿಗಿಟ್ಟು ಕತೆಯನ್ನಷ್ಟೇ ಹೇಳಿದರೆ ಅದು ಉಪದೇಶವಾಗುತ್ತದೆ. ಬಾಳಿನೊಂದಿಗೆ ಓದಿದರೆ ಅದು ಒಬ್ಬ ಜಮೀನುದಾರನ ತಪ್ಪೊಪ್ಪಿಗೆಯಂತೆ ಕೇಳಿಸುತ್ತದೆ.

ಅದೇ 1886ರಲ್ಲಿ ಬೆಳಕು ಕಂಡ ಇನ್ನೊಂದು ಕತೆ ‘ಖೊಲ್ಸ್ತೊಮೆರ್’. ಮುದಿ ಕುದುರೆಯೊಂದು ಲಾಯದಲ್ಲಿ ಉಳಿದ ಕುದುರೆಗಳಿಗೆ ತನ್ನ ಜೀವನವನ್ನು ಹೇಳಿಕೊಳ್ಳುತ್ತದೆ. ಮನುಷ್ಯರು ಬಳಸುವ ‘ನನ್ನದು’ ಎಂಬ ಮಾತು ಅದಕ್ಕೆ ಅರ್ಥವೇ ಆಗುವುದಿಲ್ಲ. ಒಬ್ಬನು ತಾನು ಕಂಡೇ ಇರದ, ಕಾಲಿಟ್ಟೇ ಇರದ ನೆಲವನ್ನು ನನ್ನದೆನ್ನುತ್ತಾನೆ. ತನ್ನನ್ನು ‘ನನ್ನ ಕುದುರೆ’ ಎನ್ನುವವನು ಮೇವು ಹಾಕಿದವನಲ್ಲ, ಮೇವು ಹಾಕಿದವನು ಹಾಗೆನ್ನುವುದಿಲ್ಲ. ಕುದುರೆಯ ಈ ಗೊಂದಲದಲ್ಲಿ ಕಂದಾಯ ಇಲಾಖೆಯ ಪಹಣಿಗಳೆಲ್ಲ ಅಲುಗಾಡುತ್ತವೆ.

ಈ ಕತೆಯನ್ನು ಮೊಳಕಾಲ್ಮೂರು, ಚಳ್ಳಕೆರೆಗಳ ಮ್ಯಾಸಬೇಡರ ಹಟ್ಟಿಯಲ್ಲಿ ಓದಿದರೆ ಕೇಳುವವರು ಕುದುರೆಯ ಪರವಾಗಿ ತಲೆದೂಗಿಯಾರು. ಏಕೆಂದರೆ ಅಲ್ಲಿ ‘ದೇವರ ಎತ್ತು’ಗಳಿವೆ. ಅವು ದೇವರ ಹೆಸರಿನಲ್ಲಿ ಬಿಟ್ಟ ದನಗಳು. ಅವನ್ನು ಉಳುಮೆಗೆ ಹೂಡುವುದಿಲ್ಲ, ಸಂತೆಗೆ ಹೊಡೆಯುವುದಿಲ್ಲ, ಯಾರೂ ನನ್ನದೆನ್ನುವುದಿಲ್ಲ. ಕಾಯುವವನು ಕಿಲಾರಿ. ಅವನೂ ಒಡೆಯನಲ್ಲ. ‘ನನ್ನದು’ ಎಂಬ ಮಾತಿಲ್ಲದೆ ಒಂದು ಮಂದೆಯನ್ನು ತಲೆತಲಾಂತರ ಕಾಪಾಡಬಹುದೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ? ಆದರೆ ಒಡೆಯನಿಲ್ಲದ ದನಕ್ಕೆ ಒಡೆಯನಿಲ್ಲದ ಹುಲ್ಲೂ ಬೇಕು. ಕಾವಲು ಕಿರಿದಾದಂತೆ ಬರದ ವರ್ಷಗಳಲ್ಲಿ ಕಿಲಾರಿಗಳು ಮೇವಿಗಾಗಿ ಕಂಡವರ ಬಾಗಿಲಿಗೆ ಅಲೆಯಬೇಕಾಗಿದೆ, ಗೋಶಾಲೆಯ ಹುಲ್ಲಿಗೆ ಕೈಯೊಡ್ಡಬೇಕಾಗಿದೆ. ದಾಖಲೆಯಲ್ಲಿ ದೇವರ ಎತ್ತಿಗೆ ಸರ್ವೆ ನಂಬರಿಲ್ಲ.

ಇಂತಹ ಕತೆಗಳನ್ನು ಟಾಲ್‌ಸ್ಟಾಯ್ ಯಾರಿಗಾಗಿ ಬರೆದನೆಂಬುದನ್ನೂ ಹೇಳಬೇಕು. ಎರಡು ಮಹಾಕಾದಂಬರಿಗಳ ಕೀರ್ತಿಯ ಬಳಿಕ ಅವನು ಬೇಕೆಂದೇ ಸರಳ ಭಾಷೆಗೆ ಇಳಿದನು. ಇಳಿದನೆನ್ನುವುದಕ್ಕಿಂತ ಏರಿದನೆಂದರೂ ನಡೆಯುತ್ತದೆ. ಗೆಳೆಯ ಚೆರ್ತ್‌ಕೋವ್ ಜೊತೆಗೂಡಿ ‘ಪೊಸ್ರೆದ್ನಿಕ್’ ಎಂಬ ಪ್ರಕಾಶನವನ್ನು ಆರಂಭಿಸಿ, ಒಂದು, ಒಂದೂವರೆ ಕೊಪೆಕ್ ಬೆಲೆಯ ಸಣ್ಣ ಹೊತ್ತಗೆಗಳನ್ನು ಹಳ್ಳಿಹಳ್ಳಿಗೆ ಮುಟ್ಟಿಸಿದನು. ತಲೆಹೊರೆಯ ವ್ಯಾಪಾರಿಗಳು ಸೂಜಿ, ದಾರಗಳ ಜೊತೆ ಅವನ್ನು ಮಾರಿದರು. ದೊಡ್ಡ ಮಾತನ್ನು ಚಿಕ್ಕವರೂ ಕೇಳುವಂತೆ ಹೇಳುವ ಈ ಹಂಬಲ ಮೊಳಕಾಲ್ಮೂರಿಗೆ ಬಹಳ ಹಳೆಯದು. ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರದ ಬಂಡೆಗಳ ಮೇಲೆ ಅಶೋಕ ಚಕ್ರವರ್ತಿ ಆಡುಮಾತಿಗೆ ಹತ್ತಿರವಾದ ಪ್ರಾಕೃತದಲ್ಲಿ ತನ್ನ ಮಾತುಗಳನ್ನು ಕೆತ್ತಿಸಿದ್ದಾನೆ. 1892ರಲ್ಲಿ ಬಿ.ಎಲ್. ರೈಸ್ ಅವನ್ನು ಹೊರಜಗತ್ತಿಗೆ ತಿಳಿಸಿದರು. ಅಲ್ಲಿಯವರೆಗೆ ಆ ಬಂಡೆಗಳ ಸುತ್ತ ಕುರಿ ಮೇಯುತ್ತಿದ್ದವು, ಆಮೇಲೂ ಮೇದವು. ಸಾಮ್ರಾಟನ ಶಾಸನಕ್ಕೂ ಕುರಿಗಾಹಿಯ ದಾರಿಗೂ ಒಂದೇ ಬೆಟ್ಟದಲ್ಲಿ ಜಾಗವಿತ್ತು.

ಚಳ್ಳಕೆರೆ ತಾಲ್ಲೂಕಿನ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ನೆನಪೂ ಇಲ್ಲಿ ಬಾರದಿರದು. ಬರದ ನಾಡಿನಲ್ಲಿ ಕೆರೆಗಳನ್ನು ಕಟ್ಟಿಸಿದರೆಂದು ಜನ ಇಂದಿಗೂ ಹೇಳುವ ಆ ಯತಿಯ ಮಾತು ‘ಮಾಡಿದಷ್ಟು ನೀಡು ಭಿಕ್ಷೆ’. ದುಡಿದಷ್ಟಕ್ಕೆ ಕೂಲಿ ಎಂಬ ಅರ್ಥದಲ್ಲಿ ಜನ ಅದನ್ನು ಹೇಳುತ್ತಾರೆ. ಪಾಹೋಮನಿಗೆ ಬಾಷ್ಕಿರರು ಹೇಳಿದ್ದು ನಡೆದಷ್ಟು ಭೂಮಿ. ಎರಡರಲ್ಲೂ ಅಳತೆಗೋಲು ಮನುಷ್ಯನ ಮೈಯೇ. ಒಂದರಲ್ಲಿ ಆ ಮೈಯ ಶ್ರಮ ಊರಿನ ಕೆರೆಯಾಗುತ್ತದೆ, ಇನ್ನೊಂದರಲ್ಲಿ ಒಬ್ಬನ ಗೋರಿಯಾಗುತ್ತದೆ.

ಟಾಲ್‌ಸ್ಟಾಯ್‌ನ ಕತೆಗೆ ರಷ್ಯದಲ್ಲಿಯೇ ಒಂದು ಆಕ್ಷೇಪ ಬಂದಿತು. ಅದನ್ನು ಎತ್ತಿದವನು ಅವನಿಗಿಂತ 32 ವರ್ಷ ಕಿರಿಯನಾದ, ಅವನನ್ನು ಬಹುವಾಗಿ ಗೌರವಿಸುತ್ತಿದ್ದ ಆಂತೋನ್ ಚೆಕೋವ್. 1898ರ ‘ನೆಲ್ಲಿ ಗಿಡಗಳು’ ಎಂಬರ್ಥದ ಹೆಸರಿನ ಕತೆಯಲ್ಲಿ ಒಬ್ಬ ಪಾತ್ರ ಈ ಮೂರು ಮೊಳದ ಲೆಕ್ಕವನ್ನೇ ಅಲ್ಲಗಳೆಯುತ್ತಾನೆ. ಅಷ್ಟು ನೆಲ ಸಾಕಾಗುವುದು ಹೆಣಕ್ಕೆ. ಬದುಕಿರುವವನು ತನ್ನ ಗುಣವನ್ನೆಲ್ಲ ಬಿಚ್ಚಿ ತೋರಲು ಅವನಿಗೆ ತೋಟದ ಬೇಲಿಯಾಚೆಗಿನ ವಿಶಾಲ ಪ್ರಕೃತಿಯೆಲ್ಲ ಬೇಕು ಎಂಬುದು ಅವನ ವಾದದ ತಿರುಳು. ಮೇಲುನೋಟಕ್ಕೆ ಇದು ಟಾಲ್‌ಸ್ಟಾಯ್‌ಗೆ ವಿರುದ್ಧ. ಕಾವಲಿನಲ್ಲಿ ನಿಂತು ನೋಡಿದರೆ ಎರಡೂ ಕೂಡಿಕೊಳ್ಳುತ್ತವೆ. ಚಳ್ಳಕೆರೆಯ ಕುರುಬನಿಗೆ ಹೆಸರಿಗೆ ಬೇಕಾಗಿರುವುದು ಹೆಚ್ಚೇನಿಲ್ಲ: ಒಂದು ಮನೆ, ಒಂದು ಕುರಿಹಟ್ಟಿ, ಮಗ್ಗ ಹೂಡಲು ಒಂದಿಷ್ಟು ಜಾಗ. ಆದರೆ ನಡೆಯಲು ಅವನಿಗೆ ಇಡೀ ಕಾವಲು ಬೇಕು. ಮಳೆ ಬಿದ್ದ ಕಡೆ ಹುಲ್ಲು ಚಿಗುರುತ್ತದೆ, ಮಳೆ ಎಲ್ಲಿ ಬೀಳುತ್ತದೆಂದು ಮೊದಲೇ ಹೇಳಬಲ್ಲವರಿಲ್ಲ. ಬಯಲುಸೀಮೆಯ ಕುರಿಗಾರಿಕೆ ನಿಂತಿರುವುದು ಈ ಅನಿಶ್ಚಿತತೆಯ ಮೇಲೆ. ಹತ್ತೆಕರೆಯನ್ನು ಅವನ ಹೆಸರಿಗೆ ಬರೆದುಕೊಟ್ಟು ಸಾವಿರಾರು ಎಕರೆಗೆ ಗೋಡೆ ಹಾಕಿದರೆ ಅವನಿಗೆ ಲಾಭವಾಯಿತೆಂದು ಕಾಗದದ ಮೇಲೆ ತೋರಬಹುದು. ಕುರಿಗೆ ಹಾಗೆ ತೋರುವುದಿಲ್ಲ. ಚಳ್ಳಕೆರೆಯ ಸಂತೆಗೆ ಬರುವ ಕರಿಕಂಬಳಿಯ ಒಂದೊಂದು ಎಳೆಯೂ ಆ ತೆರೆದ ಬಯಲಿನ ಹುಲ್ಲಿನದು.

ಬೆಟ್ಟಸೀಮೆಯವರಿಗೆ ಇದು ದೂರದ ಸಂಗತಿಯಲ್ಲ. 1984ರಲ್ಲಿ ಸುಮಾರು 75 ಸಾವಿರ ಎಕರೆ ಸಾಮುದಾಯಿಕ ಭೂಮಿಯನ್ನು ನೀಲಗಿರಿ ಬೆಳೆಯಲೆಂದು ಕರ್ನಾಟಕ ಪಲ್ಪ್‌ವುಡ್ ಎಂಬ ಜಂಟಿ ಕಂಪನಿಗೆ ಒಪ್ಪಿಸಲು ಹೊರಟಾಗ ಏನಾಯಿತೆಂಬುದನ್ನು ಹಿರಿಯರು ಬಲ್ಲರು. 1987ರ ನವೆಂಬರಿನಲ್ಲಿ ಕುಸನೂರಿನಲ್ಲಿ ಜನರು ನೀಲಗಿರಿ ಸಸಿಗಳನ್ನು ಕಿತ್ತು, ಊರಿಗೆ ಬೇಕಾದ ಸಸಿಗಳನ್ನು ನೆಟ್ಟರು. ಕಿತ್ತಿಕೋ–ಹಚ್ಚಿಕೋ ಎಂದು ಆ ಚಳವಳಿಗೆ ಹೆಸರು. 1991ರಲ್ಲಿ ಕಂಪನಿಯನ್ನು ಮುಚ್ಚಬೇಕಾಯಿತು. ಅಲ್ಲಿ ಗೆಲುವು, ಚಳ್ಳಕೆರೆಯಲ್ಲಿ ಸೋಲು ಏಕೆಂಬ ಪ್ರಶ್ನೆಗೆ ಕಾರಣಗಳು ಹಲವು. ಒಂದು ಕಾರಣ ಎದುರಾಳಿಯ ಹೆಸರು. ಕಂಪನಿಯನ್ನು ವಿರೋಧಿಸುವುದು ಸುಲಭ, ದೇಶದ ರಕ್ಷಣೆಯೆಂದ ಕೂಡಲೇ ನಾಲಿಗೆ ತಡವರಿಸುತ್ತದೆ. ಇನ್ನೊಂದು ಕಾರಣ ಕಣ್ಣಿನದು. ಮರಗಳಿರುವ ಬೆಟ್ಟವನ್ನು ಕಾಡೆನ್ನಲು ಕಲಿತಿರುವ ಪರಿಸರಪ್ರೇಮಿಗಳ ಕಣ್ಣಿಗೂ ಹುಲ್ಲಿನ ಬಯಲು ಬರಿದಾಗಿ ಕಾಣುತ್ತದೆ, ಕಂದಾಯ ದಾಖಲೆಯಲ್ಲಂತೂ ಅದು ‘ಖರಾಬು’. ಖರಾಬೆಂದು ಬರೆದ ನೆಲವನ್ನು ಕೊಡಲು ಯಾವ ಅಧಿಕಾರಿಗೂ ಕೈ ನಡುಗುವುದಿಲ್ಲ.

ಸುಪ್ರೀಂ ಕೋರ್ಟು 2011ರ ಜನವರಿಯಲ್ಲಿ ಜಗಪಾಲ್ ಸಿಂಗ್ ಪ್ರಕರಣದಲ್ಲಿ ಊರೊಟ್ಟಿನ ಭೂಮಿಗಳ ಒತ್ತುವರಿಯನ್ನು ಬಿಡಿಸಿ ಗ್ರಾಮಸಮುದಾಯಕ್ಕೆ ಮರಳಿಸಬೇಕೆಂದು ರಾಜ್ಯಗಳಿಗೆಲ್ಲ ಆದೇಶಿಸಿತು. 2006ರ ಅರಣ್ಯ ಹಕ್ಕು ಕಾಯಿದೆ ಮೇವಿನ ಹಕ್ಕನ್ನೂ, ಅಲೆಮಾರಿ ಪಶುಪಾಲಕರು ಋತುವಿಗನುಗುಣವಾಗಿ ಬಂದುಹೋಗುವ ಹಕ್ಕನ್ನೂ ಹೆಸರಿಸಿ ಮಾನ್ಯ ಮಾಡುತ್ತದೆ. ಕಾಗದದ ಬಲವಿಲ್ಲವೆಂದಲ್ಲ. ಕಾಗದವನ್ನು ಹಿಡಿದು ನಿಲ್ಲುವ ಊರು ಬೇಕು. ಇಲ್ಲಿ ಹಳ್ಳಿಗರನ್ನೂ ಪೂರ್ತಿ ಬಿಟ್ಟುಕೊಡುವಂತಿಲ್ಲ. ಗೋಮಾಳದ ಅಂಚಿನಲ್ಲಿ ವರ್ಷಕ್ಕೊಂದು ಸಾಲು ಒಳಗೆ ಸರಿಸಿ ಉಳುವವರು, ಬಗರ್‌ಹುಕುಂ ಅರ್ಜಿ ಹಾಕುವ ಉಳ್ಳವರು ಪ್ರತಿ ಊರಿನಲ್ಲಿಯೂ ಇದ್ದಾರೆ. ನೆಲವಿಲ್ಲದವನು ಹೊಟ್ಟೆಗಾಗಿ ಎರಡೆಕರೆ ಉತ್ತದ್ದನ್ನು ಇದರೊಂದಿಗೆ ಸೇರಿಸಿ ತೂಗುವುದು ನ್ಯಾಯವಲ್ಲ. ಆದರೆ ಹತ್ತೆಕರೆಯಿದ್ದವನ ನೇಗಿಲು ಗೋಮಾಳಕ್ಕೆ ಸರಿದಾಗ ಸುಮ್ಮನಿದ್ದ ಊರು, ನಾಳೆ ಸರ್ವೆಯವರು ಬಂದಾಗ ಒಂದೇ ದನಿಯಲ್ಲಿ ಮಾತಾಡಲಾರದು. ಟಾಲ್‌ಸ್ಟಾಯ್‌ನ ಕತೆಯಲ್ಲಿ ಊರಿನವರ ಸಭೆ ಮುರಿದುಬಿದ್ದ ಪುಟ್ಟ ಪ್ರಸಂಗ ಮುಖ್ಯವಾಗುವುದು ಇದಕ್ಕಾಗಿಯೇ. ಬಾಷ್ಕಿರರ ದಿಬ್ಬದ ಮೇಲೆ ನಡೆದ ಸಾವಿಗೆ ಬೀಜ ಬಿದ್ದದ್ದು ಆ ಸಭೆಯಲ್ಲಿ.

ಹಾಗಾಗಿ ಪ್ರೌಢಶಾಲೆ, ಕಾಲೇಜುಗಳಲ್ಲಿ ಈ ಕತೆಯನ್ನು ಕಲಿಸುವವರು ನೀತಿಯನ್ನು ಬರೆಸುವ ಬದಲು ಮಕ್ಕಳನ್ನು ಊರಿನ ಗೋಮಾಳಕ್ಕೆ ಕರೆದೊಯ್ಯುವುದು ಒಳ್ಳೆಯದು. ಗ್ರಾಮ ಆಡಳಿತ ಅಧಿಕಾರಿಯಿಂದ ನಕ್ಷೆಯ ಪ್ರತಿ ಪಡೆದು, ಬಾಂದುಕಲ್ಲಿನಿಂದ ಬಾಂದುಕಲ್ಲಿಗೆ ನಡೆಯಲಿ. ಯಾವ ಕಲ್ಲು ಇದೆ, ಯಾವುದು ಸರಿದಿದೆ, ಯಾವುದು ಕಾಣೆಯಾಗಿದೆಯೆಂದು ಗುರುತು ಹಾಕಲಿ. ಯಾರ ಕುರಿ ಎಲ್ಲಿ ಮೇಯುತ್ತದೆ, ನೀರಿನ ಕಟ್ಟೆ ಎಲ್ಲಿದೆ, ಬೇಸಿಗೆಯಲ್ಲಿಯೂ ಹಸಿರಿರುವ ತಗ್ಗು ಯಾವುದೆಂದು ಮುದುಕರನ್ನು ಕೇಳಿ ಬರೆದುಕೊಳ್ಳಲಿ. ಆ ಪಟ್ಟಿ ಗ್ರಾಮಸಭೆಯ ಮುಂದೆ ಓದಲ್ಪಟ್ಟು ನಡಾವಳಿ ಪುಸ್ತಕದಲ್ಲಿ ದಾಖಲಾಗಲಿ. ಮಳೆ ಬಿದ್ದು ಹುಲ್ಲು ಮೊಣಕಾಲೆತ್ತರ ಬೆಳೆದರೆ ಕಲ್ಲುಗಳು ಕಾಣಿಸುವುದಿಲ್ಲ. ಯುಗಾದಿ ಕಳೆದ ಬಿಸಿಲಿನ ದಿನಗಳೇ ಈ ಕೆಲಸಕ್ಕೆ ತಕ್ಕವು.